ಸಿಲಿಂಡರಿನ ಹಿಂದಿನ ಅಜ್ಜ

ಹೋದ ವಾರ ಗಸಗಸೆ ಡಬ್ಬಿ ಕೈಜಾರಿ ಅಡುಗೆಮನೆ ತುಂಬ ಚೆಲ್ಲಿಹೋಯಿತು. ನಿಮ್ಮ ಮನೆಯಲ್ಲಿ ಎಂದಾದರೂ ಗಸಗಸೆ ಚೆಲ್ಲಿದ್ದರೆ ನಾನು ಹೆಚ್ಚು ವಿವರಿಸಬೇಕಾಗಿಲ್ಲ. ಸಾಸಿವೆಯಾದರೆ ಉರುಳಿಕೊಂಡು ಮೂಲೆ ಸೇರುತ್ತದೆ, ಗುಡಿಸಿದರೆ ಮುಗಿಯಿತು. ರವೆಯಾದರೆ ಒದ್ದೆ ಬಟ್ಟೆಗೆ ಅಂಟಿಕೊಂಡು ಬರುತ್ತದೆ. ಗಸಗಸೆ ಮಾತ್ರ ಹಟಮಾರಿ. ಗುಡಿಸಿದರೆ ಪೊರಕೆಯ ಕಡ್ಡಿಗಳ ನಡುವೆ ನುಸುಳಿ ಹಿಂದೆ ಉಳಿಯುತ್ತದೆ, ಒರೆಸಿದರೆ ಇನ್ನಷ್ಟು ಹರಡುತ್ತದೆ. ಮೊಣಕಾಲೂರಿ ಕೂತು ಅಂಗೈಯಲ್ಲಿ ಬಳಿದು ಬಳಿದು ತಟ್ಟೆಗೆ ತುಂಬಿಕೊಳ್ಳುತ್ತಿದ್ದೆ. ನೆಲವನ್ನು ಬೆಳಿಗ್ಗೆಯೇ ಒರೆಸಿದ್ದೆ, ಅದೊಂದು ದೇವರ ದಯೆ.

ಇಂಥ ಸಣ್ಣಪುಟ್ಟ ದಯೆಗಳನ್ನು ನೆನಪಿಟ್ಟುಕೊಳ್ಳುವುದು ನನ್ನ ಅಭ್ಯಾಸ. ಸಂಜೆ ದೀಪ ಹಚ್ಚಿ, ವಿಭೂತಿ ಇಟ್ಟುಕೊಂಡು, ಶಿವನ ಮುಂದೆ ಒಂದೊಂದಾಗಿ ಒಪ್ಪಿಸುತ್ತೇನೆ. ನೀರು ಬಂತು. ಹಾಲು ಒಡೆಯಲಿಲ್ಲ. ಮೊಣಕಾಲು ನಿನ್ನೆಗಿಂತ ಕಡಿಮೆ ನೋಯಿತು. ದೊಡ್ಡದನ್ನು ಕೇಳಿದರೆ ಅವನಿಗೂ ಕಷ್ಟ, ನನಗೂ ನಿರಾಸೆ. ಅದಕ್ಕೇ ಚಿಕ್ಕದರಲ್ಲೇ ವ್ಯವಹಾರ ಮುಗಿಸುತ್ತೇನೆ.

ನಾನು ನೆಲದಲ್ಲಿ ಕೂತದ್ದನ್ನು ನೋಡಿ ನಮ್ಮ ಮನೆಯವರು ಪೇಪರಿನಿಂದ ತಲೆ ಎತ್ತಿ, ಒಂದೊಂದೇ ಎಣಿಸ್ತಾ ಕೂತಿದೀಯೇನೆ ಅಂದರು. ತಮಾಷೆಗೆ ಅಂದದ್ದು. ನನಗೆ ನಗು ಬರಲಿಲ್ಲ. ಗಸಗಸೆ ಎಣಿಸುವವನೊಬ್ಬನ ಕಥೆ ನನಗೆ ಗೊತ್ತಿತ್ತು. ಅದನ್ನು ಹೇಳಿದವಳು ಪಕ್ಕದ ಮನೆಯ ನಂದಾ.

ನಾವಿರುವುದು ಹಲಸೂರಿನಲ್ಲಿ, ಮರ್ಫಿ ಟೌನಿಗೆ ಅಂಟಿಕೊಂಡ ಒಂದು ಓಣಿಯಲ್ಲಿ. ಇಲ್ಲಿಯವರು ಗಲ್ಲಿ ಅನ್ನುತ್ತಾರೆ. ಮದುವೆಯಾಗಿ ಬರುವಾಗ ರಾಣೇಬೆನ್ನೂರಿನಿಂದ ತಂದ ಸಾಮಾನುಗಳಲ್ಲಿ ಒಡೆಯದೆ ಉಳಿದದ್ದು ಇಂಥ ನಾಲ್ಕು ಮಾತುಗಳು ಮಾತ್ರ, ಅದಕ್ಕೇ ಬಿಟ್ಟಿಲ್ಲ. ನಮ್ಮ ಗೋಡೆಗೆ ಗೋಡೆ ತಾಗಿದ ಹಂಚಿನ ಮನೆ ಮುನಿಯಮ್ಮನವರದು. ಅವರ ಹಿರಿಯ ಮಗ ರಘು ಓದಲೆಂದು ಉಕ್ರೇನಿಗೆ ಹೋದವನು ಪದವಿಯ ಜೊತೆ ನಾದಿಯಾ ಎಂಬ ಹುಡುಗಿಯನ್ನೂ ಕರೆತಂದ. ಮುನಿಯಮ್ಮನವರು ಆಕೆಯನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿ, ಈ ಹೆಸರು ನನ್ ನಾಲ್ಗೆಗ್ ಹತ್ತಲ್ಲ, ನಂದಾ ಅಂತೀನಿ ಅಂದರಂತೆ. ಅಂದಿನಿಂದ ಅವಳು ನಂದಾ. ಹಲಸೂರಿನ ಕನ್ನಡ ಕಲಿತಳು, ತರಕಾರಿಯವನ ಜೊತೆ ಜಗಳಕ್ಕೆ ಬೇಕಾಗುವಷ್ಟು ತಮಿಳು ಕಲಿತಳು, ಮುದ್ದೆ ಕಟ್ಟುವುದನ್ನು ನನಗಿಂತ ಚೆನ್ನಾಗಿ ಕಲಿತಳು. ರೊಟ್ಟಿ ತಟ್ಟುವ ಊರಿನವಳಾದ ನಾನು ಕಟ್ಟಿದ ಮುದ್ದೆ ಇವತ್ತಿಗೂ ಒಂದು ಕಡೆ ವಾಲಿಕೊಂಡೇ ಕೂರುತ್ತದೆ.

ಮಕ್ಕಳಾಗಲಿಲ್ಲ. ರಘು ಒಂದು ದಿನ ಆಫೀಸಿನಲ್ಲೇ ಎದೆ ಹಿಡಿದುಕೊಂಡು ಹೋಗಿಬಿಟ್ಟ. ಅವಳು ಫ್ರೇಜರ್ ಟೌನಿನ ಒಂದು ಬೇಕರಿಗೆ ಕೇಕು ಮಾಡಿಕೊಡುತ್ತ ಅತ್ತೆಯ ಜೊತೆ ಉಳಿದಳು. ತನ್ನ ಕಡೆ ತಂದೆತಾಯಿ ಯಾವಾಗಲೋ ತೀರಿಕೊಂಡಿದ್ದರು. ಆಮೇಲೆ ಯುದ್ಧ ಶುರುವಾಯಿತು. ಒಂದು ಸಂಜೆ ಟಿವಿಯಲ್ಲಿ ಚಾವಣಿಗಳೇ ಇಲ್ಲದ ಒಂದು ಬೀದಿ ತೋರಿಸಿದಾಗ, ಅದರ ಕೊನೇಲಿ ನಮ್ ಸ್ಕೂಲ್ ಇತ್ತು ಅಂದಳು, ಎದ್ದುಹೋಗಿ ಒಣಗಿದ ಬಟ್ಟೆ ಮಡಿಸತೊಡಗಿದಳು. ಹಾಗಾಗಿ ಈ ಭೂಮಿಯ ಮೇಲೆ ಅವಳದು ಅಂತ ಇದ್ದದ್ದು ಆ ಹಂಚಿನ ಮನೆಯ ಹಿಂದಿನ ಎರಡು ಕೋಣೆ, ಒಂದು ಅಡುಗೆಮನೆ. ಅದೂ ಅವಳ ಕೈತಪ್ಪಿದ್ದು ಹೇಗೆ ಅನ್ನುವುದನ್ನೇ ನಾನು ಹೇಳಹೊರಟಿದ್ದೇನೆ. ದೆವ್ವದ ಕಥೆ ಎಂದು ಓದಲು ಕೂತವರು ಕ್ಷಮಿಸಬೇಕು. ದೆವ್ವಗಳೂ ಬರುತ್ತವೆ, ಆದರೆ ಅವುಗಳಿಂದ ಯಾರಿಗೂ ತೊಂದರೆಯಾಗಲಿಲ್ಲ.

ಮಧ್ಯಾಹ್ನ ಪಾತ್ರೆ ತೊಳೆದಾದ ಮೇಲೆ ನಾವು ಮೂವರೂ ಅವರ ಹಿತ್ತಲಿನಲ್ಲಿ ಸೇರುತ್ತಿದ್ದೆವು. ಸೊಪ್ಪು ಬಿಡಿಸುವುದು, ಅವರೆಕಾಯಿ ಸುಲಿಯುವುದು, ಕೈಗೆ ಏನೋ ಒಂದು ಕೆಲಸ. ಬಾಯಿಗೆ ದೆವ್ವ. ಮುನಿಯಮ್ಮನವರು ಕೆ.ಆರ್. ಪುರದ ಆಚೆಯ ಹಳ್ಳಿಯವರು. ಅವರ ಬಳಿ ಮೋಹಿನಿ, ಕೊಳ್ಳಿದೆವ್ವ, ಕೆರೆ ಏರಿಯ ಮುನಿ ಎಲ್ಲ ಇದ್ದರು, ಪ್ರತಿಯೊಬ್ಬರನ್ನೂ ಅವರ ಚಿಕ್ಕಪ್ಪನೋ ಸೋದರತ್ತೆಯೋ ಕಣ್ಣಾರೆ ಕಂಡಿದ್ದರು. ಅವರು ಒಂದನ್ನು ಬಿಟ್ಟರೆ ನಂದಾ ಅದಕ್ಕೆ ಸಮನಾಗಿ ತನ್ನ ಕಡೆಯದೊಂದನ್ನು ಬಿಡುತ್ತಿದ್ದಳು. ಇವರು ಮೋಹಿನಿ ಅಂದರೆ ಅವಳು ರುಸಾಲ್ಕ ಅನ್ನುವಳು: ಅಕಾಲದಲ್ಲಿ ಸತ್ತ ಹುಡುಗಿ, ನದಿಯಲ್ಲಿ ವಾಸ, ಬಿಚ್ಚಿದ ಕೂದಲು, ಒಂಟಿ ಗಂಡಸು ಸಿಕ್ಕರೆ ಕಚಗುಳಿ ಇಟ್ಟು ಇಟ್ಟು ಸಾಯಿಸುತ್ತಾಳೆ. ಮುನಿಯಮ್ಮನವರಿಗೆ ಅದು ಬಹಳ ಹಿಡಿಸಿತು. "ನಗ್ಸಿ ಸಾಯ್ಸೋದಾ? ಪುಣ್ಯಾತ್ಗಿತ್ತಿ ಕಣಮ್ಮಿ. ನಮ್ಮೋಳು ರಕ್ತ ಕಾರ್ಸ್ತಾಳೆ" ಅಂದು ತಾವೇ ನಕ್ಕು ಕೆಮ್ಮಿಕೊಂಡರು.

ನಡುಮಧ್ಯಾಹ್ನದ ಹೆಣ್ಣೊಬ್ಬಳು ಆ ಕಡೆ ಇದ್ದಾಳಂತೆ, ಪೊಲುದ್ನಿತ್ಸ ಅಂತ. ಬಿಳಿ ಬಟ್ಟೆ ಉಟ್ಟು ಗೋಧಿ ಹೊಲದಲ್ಲಿ ನಡೆಯುತ್ತಾಳೆ, ಸುಡುಬಿಸಿಲಿನಲ್ಲಿ ಕೆಲಸ ನಿಲ್ಲಿಸದವರ ಕುತ್ತಿಗೆ ತಿರುಚುತ್ತಾಳೆ. ನಮ್ಮಲ್ಲೂ ಮಟಮಟ ಮಧ್ಯಾಹ್ನ ಹುಣಸೆಮರದ ಕೆಳಗೆ ಹೋಗಬಾರದು ಅಂತ ಇದೆಯಲ್ಲ, ಅದೇ. ಆಕೆಯನ್ನು ಕೇಳಿದಾಗ ನನಗೆ ಹೆದರಿಕೆಗಿಂತ ಹೊಟ್ಟೆಕಿಚ್ಚಾಯಿತು. ಹಗಲೂಟ ಮುಗಿಸಿ ಹೆಂಗಸರು ಕಾಲು ಚಾಚಲಿ ಎಂದು ಕಾವಲಿಗೊಂದು ದೆವ್ವವನ್ನೇ ಇಟ್ಟ ದೇಶ ಎಷ್ಟು ಒಳ್ಳೆಯದಿರಬೇಕು. ನನ್ನ ತವರಿನಲ್ಲಿ ಮಧ್ಯಾಹ್ನ ಮಲಗಿದ ಸೊಸೆಗೆ ದಾರಿದ್ರ್ಯ ಬರುತ್ತದೆ ಎಂದೇ ಹೇಳಿಕೊಟ್ಟಿದ್ದರು. ಹಬ್ಬದ ದಿನ ಗಸಗಸೆ ಪಾಯಸ ಕುಡಿದು ನಮ್ಮವ್ವ ಒಲೆಯ ಮುಂದೆ ಕೂತಲ್ಲೇ ತೂಕಡಿಸುತ್ತಿದ್ದಳು, ಅಜ್ಜಿ ಕೆಮ್ಮಿದೊಡನೆ ಸೌಟು ಆಡಿಸುತ್ತಿದ್ದಳು. ಮಲಗಿದಳು ಅನ್ನುವ ಹಾಗೂ ಇಲ್ಲ, ಎದ್ದಿದ್ದಳು ಅನ್ನುವ ಹಾಗೂ ಇಲ್ಲ. ಬಹಳ ವರ್ಷ ನಾನು ಅದನ್ನೇ ಅಡುಗೆಯ ಒಂದು ವಿಧಾನ ಅಂದುಕೊಂಡಿದ್ದೆ.

ರಕ್ತ ಹೀರುವವನ ವಿಷಯ ಬಂದದ್ದು ಸಿನಿಮಾದಿಂದ. ನಾನು ಅಂಥದ್ದು ಒಂದೇ ಒಂದು ನೋಡಿದ್ದು, ಅದೂ ಹಣೆಗೆ ವಿಭೂತಿ ಬಳಿದುಕೊಂಡು, ಬೆರಳ ಸಂದಿಯಿಂದ. ಕರಿ ಕೋಟು, ಕೋರೆಹಲ್ಲು, ಬಾವಲಿ. ನಂದಾ ಅದೆಲ್ಲ ಸುಳ್ಳು ಅಂದಳು. ಅವಳ ಹಳ್ಳಿಯವರು ಹೇಳುವ ಉಪಿರ್‌ಗೆ ಕೋಟೂ ಇಲ್ಲ, ಅರಮನೆಯೂ ಇಲ್ಲ. ಅವನು ಊರಿನವನೇ. ಸತ್ತು ಮಣ್ಣಾದ ಮೇಲೂ ಕೊಳೆಯದೆ, ಚೆನ್ನಾಗಿ ಉಂಡವನ ಹಾಗೆ ಕೆಂಪಗೆ ಊದಿಕೊಂಡಿರುತ್ತಾನೆ. ಹೆಣ ಮನೆಯಲ್ಲಿರುವಾಗ ಬೆಕ್ಕು ಅದನ್ನು ದಾಟಿದರೆ ಹಾಗೆ ಆಗಿಬಿಡುತ್ತದಂತೆ. ಎದ್ದು ಬಂದವನು ದಾರಿಹೋಕರನ್ನು ಹಿಡಿಯುವುದಿಲ್ಲ. ಮೊದಲು ತನ್ನ ಮನೆಗೇ ಬರುತ್ತಾನೆ. ತಮ್ಮ ಸೊರಗುತ್ತಾನೆ, ಹೆಂಡತಿ ಸೊರಗುತ್ತಾಳೆ, ತೊಟ್ಟಿಲ ಮಗು ಸೊರಗುತ್ತದೆ. ಮುನಿಯಮ್ಮನವರಿಗೆ ಇದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. ಅವ್ನಿಗ್ ದಾರಿ ಗೊತ್ತಿರೋದು ಸ್ವಂತ ಮನೇದೇ ತಾನೆ ಅಂದರು.

ಅವನನ್ನು ತಡೆಯಲು ಅವಳ ಅಜ್ಜಿ ಗೋರಿಯಿಂದ ಮನೆಯವರೆಗೆ ಗಸಗಸೆ ಚೆಲ್ಲುತ್ತಿದ್ದಳಂತೆ. ದಾರಿಯಲ್ಲಿ ಕಾಳು ಕಂಡರೆ ಉಪಿರ್ ಎಣಿಸಲೇಬೇಕು, ಅದು ಅವನ ಹಣೆಬರಹ. ಎಣಿಸಿ ಮುಗಿಯುವುದರೊಳಗೆ ಕೋಳಿ ಕೂಗುತ್ತದೆ, ಅವನು ಮರಳಿ ಮಣ್ಣಿಗೆ ಹೋಗಬೇಕು. ಆಗ ಮುನಿಯಮ್ಮನವರು ತಮ್ಮ ಮುಂಬಾಗಿಲ ಕಡೆ ಕೈ ತೋರಿಸಿದರು. ಹಿಂದೆ ಎಂದೋ ಅಲ್ಲಿ ಸುಣ್ಣದಲ್ಲಿ 'ನಾಳೆ ಬಾ' ಎಂದು ಬರೆದಿದ್ದ ಗುರುತು ಇನ್ನೂ ಇತ್ತು. ನಂದಾ ಅದನ್ನು ನೋಡಿ, "ಹಂಗಾದ್ರೆ ನಿಮ್ ದೆವ್ವಕ್ಕೆ ಓದಕ್ ಬರುತ್ತೆ, ನಮ್ದಕ್ಕೆ ಎಣ್ಸಕ್ ಬರುತ್ತೆ" ಅಂದಳು. ಮುನಿಯಮ್ಮನವರು ಅವರೆಕಾಯಿ ಸಿಪ್ಪೆಯನ್ನು ಅವಳ ಮೇಲೆ ಎಸೆದು, "ನಂಗೆ ಎರಡೂ ಬರಲ್ಲ. ನಾನ್ ಸತ್ರೆ ನೆಟ್ಟಗೆ ಒಳಗ್ ಬಂದ್ಬಿಡ್ತೀನಿ ನೋಡ್ಕೊ" ಅಂದರು.

ಇನ್ನೊಬ್ಬನಿದ್ದ, ಅವನು ದೆವ್ವ ಎಂದು ಹೇಳಲು ನನಗೆ ಬಾಯಿ ಬರುವುದಿಲ್ಲ. ದೊಮೊವಿಕ್ ಅಂತ ಅವನ ಹೆಸರು. ನಂದಾ ಕನ್ನಡದಲ್ಲಿ ಅಜ್ಜ ಅನ್ನುತ್ತಿದ್ದಳು. ಪ್ರತಿ ಮನೆಗೂ ಒಬ್ಬ ಇರುತ್ತಾನೆ, ಮೈತುಂಬ ಕೂದಲಿನ ಕುಳ್ಳ ಮುದುಕ, ಅವರ ಕಡೆ ಒಲೆಯ ಹಿಂದೆ ವಾಸ. ಇಲ್ಲಿ ಒಲೆಗೆ ಹಿಂದು ಅಂತ ಇಲ್ಲವಲ್ಲ, ಗ್ಯಾಸ್ ಸ್ಟೌವು, ಅದಕ್ಕೆ ಅವನು ಸಿಲಿಂಡರಿನ ಹಿಂದೆ ಸೇರಿಕೊಂಡಿದ್ದ. ಮನೆಯವರು ಪ್ರೀತಿಯಿಂದಿದ್ದರೆ ಮನೆ ಕಾಯುತ್ತಾನೆ, ಜಗಳವಾಡಿದರೆ ಪಾತ್ರೆ ಉರುಳಿಸುತ್ತಾನೆ, ಮರೆತರೆ ಹಸಿದುಕೊಂಡು ನಿದ್ದೆ ಕೆಡಿಸುತ್ತಾನೆ. ಅವನಿಗಾಗಿ ನಂದಾ ದಿನವೂ ಒಂದು ಬಟ್ಟಲು ಹಾಲು, ಒಂದು ಚೂರು ಬ್ರೆಡ್ಡು ಇಡುತ್ತಿದ್ದಳು. ಮೊದಮೊದಲು ನಾನು ಮೂಗು ಮುರಿದೆ. ಆಮೇಲೆ ಯೋಚಿಸಿದರೆ, ನಾನು ಲಿಂಗಕ್ಕೆ ಹಾಲೆರೆಯುತ್ತೇನೆ, ಮುನಿಯಮ್ಮನವರು ಹುತ್ತಕ್ಕೆ ಎರೆಯುತ್ತಾರೆ, ಇವಳು ಸಿಲಿಂಡರಿಗೆ ಇಡುತ್ತಾಳೆ. ಹಾಲಿನವನೊಬ್ಬನೇ. ಅಲ್ಲಿಗೆ ಸುಮ್ಮನಾದೆ.

ಮುನಿಯಮ್ಮನವರ ಕಿರಿಯ ಮಗ ವೆಂಕಟೇಶ, ಅವನ ಹೆಂಡತಿ ಸುಮಾ ಇರುವುದು ಮಹದೇವಪುರದ ಅಪಾರ್ಟ್‌ಮೆಂಟಿನಲ್ಲಿ. ಕೆಟ್ಟವರಲ್ಲ. ಹಬ್ಬಕ್ಕೆ ಬರುತ್ತಿದ್ದರು, ಅತ್ತೆಗೆ ಸೀರೆ ತರುತ್ತಿದ್ದರು, ನಂದಾ ಮಾಡಿದ ಕೇಕು ಕಟ್ಟಿಸಿಕೊಂಡು ಹೋಗುತ್ತಿದ್ದರು. ಮುನಿಯಮ್ಮನವರು ಸೊಂಟ ಮುರಿದು ಹಾಸಿಗೆ ಹಿಡಿದ ಮೇಲೆ ಬರುವುದು ಕಡಿಮೆಯಾಯಿತು. ಅಮ್ಮನ್ನ ಹಂಗ್ ನೋಡಕ್ಕಾಗಲ್ಲ ಆಂಟಿ ಅಂತ ವೆಂಕಟೇಶ ನನ್ನ ಹತ್ತಿರ ಕಣ್ಣೊರೆಸಿಕೊಂಡಿದ್ದ. ನೋಡಿದವಳು ನಂದಾ. ಮಲಮೂತ್ರ ತೆಗೆದು, ಬೆನ್ನು ಹುಣ್ಣಾಗದಂತೆ ಮಗ್ಗುಲು ತಿರುಗಿಸಿ, ಗಂಜಿ ಕುಡಿಸಿ ವರ್ಷಗಳನ್ನೇ ಕಳೆದಳು. ಮನೆ ಮುನಿಯಮ್ಮನವರ ಹೆಸರಿನಲ್ಲಿತ್ತು. ಹಿಂದಿನ ಎರಡು ಕೋಣೆ ನಂದಾಗೆ ಎಂದು ಅವರು ನನ್ನ ಮುಂದೆ, ಓಣಿಯವರೆಲ್ಲರ ಮುಂದೆ ಹೇಳಿದ್ದರು. ಎಲ್ಲೂ ಬರೆಸಿರಲಿಲ್ಲ. ಮಾತು ಆಡಿದರೆ ಮುಗಿಯಿತು ಅನ್ನುವ ಕಾಲದ ಹೆಂಗಸು.

ಒಂದು ಸೋಮವಾರ ಬೆಳಿಗ್ಗೆ ಮುನಿಯಮ್ಮನವರು ಹೋದರು. ನಿದ್ದೆಯಲ್ಲೇ, ನೋವಿಲ್ಲದೆ, ಅದನ್ನು ನಾನು ದೊಡ್ಡ ದಯೆಗಳ ಸಾಲಿಗೇ ಸೇರಿಸುತ್ತೇನೆ. ಕೋಲಾರದ ಕಡೆಯಿಂದ ಅವರ ತಂಗಿ ಬರಬೇಕಿತ್ತು, ಅದಕ್ಕಾಗಿ ದೇಹವನ್ನು ಸಂಜೆಯವರೆಗೆ ನಡುಮನೆಯಲ್ಲಿ ಚಾಪೆಯ ಮೇಲೆ ಮಲಗಿಸಿದರು. ತಲೆಯ ಬಳಿ ದೀಪ, ಊದುಬತ್ತಿ. ನಂದಾ ಅತ್ತೆಗೆ ನಮ್ಮ ಪದ್ಧತಿಯಂತೆ ಸ್ನಾನ ಮಾಡಿಸಿ ಸೀರೆ ಉಡಿಸಿದಳು. ಆಮೇಲೆ ತನ್ನ ಪದ್ಧತಿಯಂತೆ ಬೀರುವಿನ ಕನ್ನಡಿಗೆ ದುಪ್ಪಟಿ ಹೊದಿಸಿದಳು, ಕಿಟಕಿಯಲ್ಲಿ ಒಂದು ಲೋಟ ನೀರು, ಅದರ ಮೇಲೆ ಒಂದು ಚೂರು ಬ್ರೆಡ್ಡು ಇಟ್ಟಳು, ಹೊರಟ ಜೀವಕ್ಕೆ ದಾರಿಯಲ್ಲಿ ಬಾಯಾರದಿರಲಿ ಎಂದು. ಎಲ್ಲ ಮುಗಿಸಿ, ಬಟ್ಟೆ ಒಣಹಾಕುವ ಕೋಲು ಹಿಡಿದು ಅತ್ತೆಯ ಕಾಲ ಬಳಿ ಕೂತಳು. ಯಾಕೆ ಎಂದು ನನಗೆ ಹೇಳಬೇಕಾಗಿರಲಿಲ್ಲ. ಓಣಿಯಲ್ಲಿ ಕಂದುಬಣ್ಣದ ಒಂದು ಬೆಕ್ಕಿತ್ತು. ಆ ಮನೆಯೊಳಗೆ ಅದು ತನ್ನದೇ ಮನೆಯೆಂಬಂತೆ ಓಡಾಡುತ್ತಿತ್ತು.

ನೀರು ಕುಡಿಯಲೂ ಏಳಲಿಲ್ಲ. ಬಂದವರು ಹಾರ ಹಾಕಿದರು, ಅತ್ತರು, ಎದ್ದುಹೋಗಿ ಹೊರಗೆ ಶಾಮಿಯಾನದ ಕೆಳಗೆ ಕಾಫಿ ಕುಡಿದರು. ಅವಳು ಅಳಲಿಲ್ಲ. ಕಣ್ಣು ಬಾಗಿಲ ಮೇಲೆ, ಕೋಲು ಕೈಯಲ್ಲಿ. ಸೊಸೆ ಅನ್ನಿಸಿಕೊಂಡವಳು ಒಂದು ಹನಿ ಹಾಕಲಿಲ್ಲ ನೋಡು ಎಂದು ಯಾರೋ ಆಗಲೇ ಪಿಸುಗುಟ್ಟಿದರು. ಮಧ್ಯಾಹ್ನ ಕೋಲಾರದವರು ಬಂದು ಬಾಗಿಲಲ್ಲಿ ನೂಕುನುಗ್ಗಲಾದಾಗ, ಜನರ ಕಾಲುಗಳ ನಡುವಿನಿಂದ ಬೆಕ್ಕು ಒಳಗೆ ನುಗ್ಗಿತು. ನಾನು ಗೋಡೆಗೊರಗಿ ನಿಂತಿದ್ದೆ, ಕಣ್ಣಾರೆ ನೋಡಿದೆ. ಅದು ಚಾಪೆಯ ಅಂಚಿಗೆ ಬಂದು ಹಾರಲು ಮೈ ಕುಗ್ಗಿಸಿತು. ನಂದಾ ಧಡಕ್ಕನೆ ಎದ್ದಳು. ಜಡೆ ಬಿಚ್ಚಿಹೋಗಿತ್ತು. ಕೋಲನ್ನು ತಲೆಯ ಮೇಲೆತ್ತಿ, ತನ್ನ ಭಾಷೆಯಲ್ಲಿ ಏನೋ ಕೂಗಿ, ನೆಲಕ್ಕೆ ಬಡಿದಳು. ಬೆಕ್ಕು ಹಿಂದಿರುಗಿ ಓಡಿತು. ಕೋಲಿನ ತುದಿ ಹಾರಗಳ ಮೇಲೆ ಬಿದ್ದು ಸೇವಂತಿಗೆ ಎಸಳು ಚೆಲ್ಲಾಡಿದವು.

ಕೋಲಾರದವರ ಪೈಕಿ ಯಾರೋ ದೂರದ ಸಂಬಂಧಿಕರಿಗೆ ತೋರಿಸಲೆಂದು ಮೊಬೈಲಿನಲ್ಲಿ ಚಿತ್ರ ಹಿಡಿಯುತ್ತಿದ್ದರು. ಸಂಜೆ ಮಣ್ಣು ಮಾಡಿ ಬರುವಷ್ಟರಲ್ಲಿ ಅದು ಅವರ ಕುಟುಂಬದ ವಾಟ್ಸಾಪ್ ಗುಂಪಿಗೆ ಹೋಗಿತ್ತು, ಅಲ್ಲಿಂದ ನಮ್ಮ ಓಣಿಗೂ ಬಂತು. ನಾನೂ ನೋಡಿದೆ. ಮುನಿಯಮ್ಮನವರ ಮುಖ ಇದೆ, ದೀಪ ಇದೆ, ದುಪ್ಪಟಿ ಹೊದ್ದ ಕನ್ನಡಿ ಇದೆ. ಕೂದಲು ಕೆದರಿಕೊಂಡ ಬಿಳಿ ಹೆಂಗಸು ಅತ್ತೆಯ ಹೆಣದ ಮೇಲೆ ಕೋಲೆತ್ತಿ ಕಿರಿಚುತ್ತಾಳೆ. ಬೆಕ್ಕು ಮಾತ್ರ ಇಲ್ಲ. ಮುಂದೆ ನಿಂತವರೊಬ್ಬರ ಪಂಚೆ ಅದಕ್ಕೆ ಅಡ್ಡ ಬಂದಿದೆ.

ಹನ್ನೊಂದನೆಯ ದಿನದ ಊಟ ಮುಗಿಸಿ, ಎಲೆಅಡಿಕೆ ಹಾಕಿಕೊಂಡು ಹಿರಿಯರೆಲ್ಲ ಅದೇ ನಡುಮನೆಯಲ್ಲಿ ಕೂತರು. ಸುಮಾ ಅಷ್ಟರಲ್ಲಿ ಸಿಲಿಂಡರಿನ ಹಿಂದಿನ ಬಟ್ಟಲನ್ನೂ ಕಂಡುಹಿಡಿದು ತಂದು ನಡುವೆ ಇಟ್ಟಿದ್ದಳು. ಮನೆ ಹಳೆಯದಾಗಿದೆ, ಕೆಡವಿ ಕಟ್ಟಬೇಕು, ಅದಕ್ಕೆ ಮೊದಲು ಶಾಂತಿ ಮಾಡಿಸಬೇಕು, ಅಲ್ಲಿಯವರೆಗೆ ಇಂಥವರು ಇಲ್ಲಿರುವುದು ಒಳ್ಳೆಯದಲ್ಲ ಎಂದು ವೆಂಕಟೇಶ ನೆಲ ನೋಡಿಕೊಂಡು ಹೇಳಿದ. ಮಹದೇವಪುರದಲ್ಲಿ ಪ್ರತಿ ಮಳೆಗೂ ಅವರ ಕೆಳಮಹಡಿಗೆ ನೀರು ನುಗ್ಗುವುದು, ಕಾರು ಮುಳುಗಿದ್ದು, ಹಲಸೂರಿನ ಜಾಗಕ್ಕೆ ಈಗ ಎಂಥ ಬೇಡಿಕೆ ಎನ್ನುವುದು, ಎಲ್ಲ ಎಲ್ಲರಿಗೂ ಗೊತ್ತಿತ್ತು. ಆ ಮಾತನ್ನು ಯಾರೂ ಎತ್ತಲಿಲ್ಲ. ಬಟ್ಟಲಿನ ಮಾತು ನಡೆಯಿತು.

ನಾನು ಬಾಗಿಲಲ್ಲಿ ನಿಂತು, ಬೆಕ್ಕು ಬಂದಿತ್ತು, ನಾನೇ ನೋಡಿದೆ ಎಂದು ಹೇಳಿದೆ. ಸುಮಾ ಮರ್ಯಾದೆಯಾಗಿಯೇ, ಇದು ಮನೆಯೋರ ವಿಷಯ ಆಂಟಿ ಅಂದಳು. ನಮ್ಮ ಮನೆಯವರು ಹಿಂದಿನಿಂದ ನನ್ನ ಸೆರಗು ಎಳೆದರು. ಆಗ ಕೋಲಾರದ ಹಿರಿಯರೊಬ್ಬರು, ಆಕೆಯನ್ನೂ ಒಂದು ಮಾತು ಕೇಳೋಣ ಎಂದು, ಕೋಲು ಯಾಕೆ ಎತ್ತಿದೆಯಮ್ಮ ಅಂತ ಕೇಳಿದರು. ಒಳ್ಳೆಯ ಮನುಷ್ಯ. ಬೆಕ್ಕು ಹಾರ ಕೆಡಿಸ್ತಿತ್ತು ಅಂದಿದ್ದರೆ ಅಲ್ಲಿಗೆ ಮುಗಿದುಹೋಗುತ್ತಿತ್ತು. ನಾನು ಕಣ್ಣಿನಲ್ಲೇ ಹೇಳಿಕೊಟ್ಟೆ. ನಂದಾ ನನ್ನ ಕಡೆ ನೋಡಲಿಲ್ಲ.

"ಬೆಕ್ಕು ದಾಟಿದ್ರೆ ಅತ್ತೆ ಎದ್ದು ಬರ್ತಾರೆ," ಅಂದಳು. "ಮೊದ್ಲು ಮನೆಯೋರ ಹತ್ರಾನೇ ಬರ್ತಾರೆ. ವೆಂಕಟೇಶನ್ನ, ಸುಮಾನ್ನ ಹೀರ್ಬಿಡ್ತಾರೆ. ನಿಮ್ಗೇನೂ ಆಗ್ಬಾರ್ದು ಅಂತ ಕಾಯ್ತಾ ಕೂತಿದ್ದೆ."

ಕೂತವರೆಲ್ಲ ಬಾಯಲ್ಲಿದ್ದ ಎಲೆಅಡಿಕೆ ಜಗಿಯುವುದನ್ನು ನಿಲ್ಲಿಸಿದರು. ಆಮೇಲೆ ಸುಮಾ, ಅವರ ಬಾಯಿಂದಲೇ ಬಂತಲ್ಲ, ಇನ್ನೇನ್ ಕೇಳ್ಬೇಕು ಅಂದಳು. ತಾಯಿ ಪಿಶಾಚಿಯಾಗಿ ಬರುತ್ತಾಳೆ ಎಂದು ತುಂಬಿದ ಮನೆಯಲ್ಲಿ ಹೇಳಿದವಳ ಪರವಾಗಿ ನಿಲ್ಲಲು ಆ ಹಿರಿಯರಿಂದಲೂ ಆಗಲಿಲ್ಲ. ನಾನು ಕೂತವರ ಮುಖಗಳನ್ನು ನೋಡುತ್ತ ಹೋದೆ. ಹೊಟ್ಟೆತುಂಬ ಉಂಡ ಮುಖಗಳು, ಕೆಂಪಾದ ತುಟಿಗಳು. ಶಿವ ಶಿವ ಎಂದು ಕೆನ್ನೆ ಬಡಿದುಕೊಂಡೆ. ಯೋಚನೆ ಹೋಗಲಿಲ್ಲ.

ಅವಳಿಗೆ ಲಿಂಗರಾಜಪುರದಲ್ಲಿ ಬೇಕರಿಯವರೇ ಒಂದು ಕೋಣೆ ಹುಡುಕಿಕೊಟ್ಟರು, ಮೂರನೇ ಮಹಡಿಯ ಮೇಲೆ, ತಗಡಿನ ಮಾಡು. ಹೊರಡುವ ದಿನ ಸಾಮಾನು ಗಾಡಿಗೆ ಏರಿದ ಮೇಲೆ ಅವಳು ಅಡುಗೆಮನೆಗೆ ಹೋದಳು, ನಾನೂ ಹಿಂದೆ ಹೋದೆ. ಮನೆ ಬಿಡುವಾಗ ಅಜ್ಜನನ್ನು ಬಿಟ್ಟುಹೋಗಬಾರದಂತೆ. ಮನೆಯಲ್ಲಿರುವ ಅತ್ಯಂತ ಹಳೆಯ ಪಾದರಕ್ಷೆಯಲ್ಲಿ ಒಂದು ಚೂರು ಬ್ರೆಡ್ಡು ಇಟ್ಟು, ಒಲೆಯ ಬಳಿ ಇರಿಸಿ, ಕರೆಯಬೇಕು. ಅವನು ಅದರಲ್ಲಿ ಕೂತು ಬರುತ್ತಾನೆ. ಮುನಿಯಮ್ಮನವರ ಒಂಟಿ ಹವಾಯಿ ಚಪ್ಪಲಿ ಸಿಕ್ಕಿತ್ತು. ಸವೆದು ಹಿಮ್ಮಡಿಯಲ್ಲಿ ತೂತು ಬಿದ್ದದ್ದು. ನಂದಾ ಸಿಲಿಂಡರ್ ಇದ್ದ ಜಾಗದ ಮುಂದೆ ಕೂತು, "ಅಜ್ಜಾ, ನಾವ್ ಹೊರಟ್ವಿ. ನೀನೂ ಬಾ" ಅಂದಳು. ಕನ್ನಡದಲ್ಲಿ ಯಾಕೆ ಅಂದೆ. "ಹಲ್ಸೂರಲ್ಲೇ ಹುಟ್ಟಿರೋನಲ್ವಾ ಅಕ್ಕ, ಅವನಿಗೆ ನಮ್ ಭಾಷೆ ಎಲ್ ಬರುತ್ತೆ" ಅಂದಳು.

ಅವಳ ಎರಡು ಕೈಯಲ್ಲೂ ಗಾಜಿನ ಸಾಮಾನು. ಚಪ್ಪಲಿ ನೆಲಕ್ಕೆ ತಾಗಬಾರದು, ಯಾರಾದರೂ ಹಿಡಿದುಕೊಳ್ಳಬೇಕು. ನಾನು ಎಂಥವಳು ಅಂತ ನಿಮಗೆ ಗೊತ್ತಿಲ್ಲ. ನಮ್ಮ ಮನೆಯಲ್ಲಿ ಚಪ್ಪಲಿ ಮೆಟ್ಟಿಲ ಮೇಲೂ ಏರುವುದಿಲ್ಲ. ಅವ್ವ ಕಲಿಸಿದ್ದು, ಚಪ್ಪಲಿ ಮುಟ್ಟಿದ ಕೈಯನ್ನು ತೊಳೆದ ಮೇಲೂ ದೇವರ ಕೋಣೆಗೆ ಹೋಗಲು ನನಗೆ ಒಂದು ಗಳಿಗೆ ಬೇಕು. ಅಂದು ಶ್ರಾವಣದ ಸೋಮವಾರ ಬೇರೆ, ಉಪವಾಸ. ಸತ್ತವರ ಒಂಟಿ ಚಪ್ಪಲಿಯನ್ನು ಟವೆಲಿನಲ್ಲಿ ಸುತ್ತಿ ಮಡಿಲಲ್ಲಿಟ್ಟುಕೊಂಡು ಆಟೋದಲ್ಲಿ ಕೂತೆ. ಕೋಲ್ಸ್ ಪಾರ್ಕಿನ ಸಿಗ್ನಲ್ಲಿನಲ್ಲಿ ಟವೆಲು ಜಾರಿತು. ಆಟೋದವನು ಕನ್ನಡಿಯಲ್ಲಿ ನೋಡಿ, ಇನ್ನೊಂದ್ ಎಲ್ಲಕ್ಕಾ, ಎಲ್ಲಾದ್ರೂ ಬಿತ್ತಾ, ತಿರುಗಿಸ್ಲಾ ಅಂತ ಕಾಳಜಿಯಿಂದ ಕೇಳಿದ. ಬೇಡಪ್ಪ, ಇದು ಒಂದೇ ಇರೋದು ಅಂದೆ. ನಂದಾ ಮುಖ ಹೊರಗೆ ತಿರುಗಿಸಿಕೊಂಡಳು. ನಗುತ್ತಿದ್ದಳೋ ಏನೋ, ಹೆಗಲು ಅಲುಗುತ್ತಿತ್ತು.

ವರ್ಷವಾಯಿತು, ಮನೆ ಇನ್ನೂ ಕೆಡವಿಲ್ಲ. ಕಟ್ಟುವವರು ಇವತ್ತು ನಾಳೆ ಅನ್ನುತ್ತಿದ್ದಾರೆ. ಈ ಮಳೆಗಾಲ ಮಹದೇವಪುರ ಮತ್ತೆ ಮುಳುಗಿದಾಗ ವೆಂಕಟೇಶ, ಸುಮಾ ಸದ್ಯಕ್ಕೆಂದು ಇಲ್ಲಿಗೇ ಬಂದರು. ಶಾಂತಿ ಹೋಮ ಆಗಿತ್ತು, ಗೋಮೂತ್ರ ಚಿಮುಕಿಸಿ ಆಗಿತ್ತು. ಒಂದು ತಿಂಗಳೂ ಕಳೆದಿರಲಿಲ್ಲ, ಸುಮಾ ನಮ್ಮ ಅಡುಗೆಮನೆಯ ಬಾಗಿಲಲ್ಲಿ ಬಂದು ನಿಂತಳು. ಕಣ್ಣ ಕೆಳಗೆ ಕಪ್ಪು. ಯಾರಿಗೂ ನಿದ್ದೆ ಇಲ್ಲವಂತೆ, ಹಾಲು ದಿನಾ ಒಡೆಯುತ್ತದಂತೆ, ಇಟ್ಟ ಪಾತ್ರೆ ಇಟ್ಟಲ್ಲಿ ನಿಲ್ಲುವುದಿಲ್ಲವಂತೆ, ಗಂಡಹೆಂಡಿರಿಗೆ ಮಾತು ಮಾತಿಗೂ ಜಗಳವಂತೆ. ಹೇಳಲು ಬಂದದ್ದನ್ನು ಕೊನೆಗೆ ಹೇಳಿದಳು. "ಆಂಟಿ, ನಂದಕ್ಕ ಆ ಸಿಲಿಂಡರ್ ಹಿಂದೆ ಇಡ್ತಿದ್ರಲ್ಲ. ಅದ್ ಹೆಂಗ್ ಇಡೋದು ಅಂತ ಕೇಳಿ ಹೇಳ್ತೀರಾ? ನಾನ್ ಕೇಳ್ದೆ ಅನ್ಬೇಡಿ."

ಆ ಗುರುವಾರ ಲಿಂಗರಾಜಪುರಕ್ಕೆ ಹೋದೆ. ಯಾರು ಕೇಳಿದರು ಎಂದು ಹೇಳಿಯೇಬಿಟ್ಟೆ. ನಂದಾಳ ಮುಖದಲ್ಲಿ ಒಂದು ಸಣ್ಣ ಗೆಲುವಾದರೂ ಕಾಣಲಿ ಎಂಬ ಆಸೆಯಿತ್ತು ನನಗೆ, ಸುಳ್ಳು ಯಾಕೆ. ಅವಳು ಮೂಲೆಯ ಸ್ಟೌವಿನ ಕಡೆ ನೋಡಿದಳು. ಅಲ್ಲಿ ಬಟ್ಟಲಿನಲ್ಲಿ ಹಾಲು ಕೆನೆಗಟ್ಟಿತ್ತು.

"ಇಲ್ಲಿಗೆ ಬಂದೇ ಇಲ್ಲ ಅಕ್ಕ ಅವನು," ಅಂದಳು. "ದಿನಾ ಇಡ್ತೀನಿ, ದಿನಾ ಹಂಗೇ ಇರುತ್ತೆ. ಅಲ್ಲೇ ಉಳ್ಕೊಂಡಿದಾನೆ. ಹಸ್ಕೊಂಡಿದಾನೆ. ಸುಮಾಗೆ ಹೇಳು, ಹಾಲು ಬೆಚ್ಚಗಿರ್ಬೇಕು, ಬ್ರೆಡ್ಡಿಗೆ ಚೂರು ಉಪ್ಪು. ಇಟ್ಟು ಹಿಂದೆ ನೋಡ್ದೆ ಬರ್ಬೇಕು. ಬೈದ್ಕೊಂಡು ಇಡ್ಬಾರ್ದು, ಅವನಿಗೆ ಗೊತ್ತಾಗ್ಬಿಡುತ್ತೆ."

ಹೇಳಬಾರದು ಎಂದೇ ಮನೆಗೆ ಬಂದೆ. ಅವರು ನಿದ್ದೆಗೆಡಲಿ ಎಂದುಕೊಂಡೆ. ದೀಪದ ಮುಂದೆ ಕೂತರೆ ಅಂದು ಒಪ್ಪಿಸಲು ಒಂದೂ ದಯೆ ನೆನಪಿಗೆ ಬರಲಿಲ್ಲ, ಬರೀ ಒಬ್ಬ ಕುಳ್ಳ ಮುದುಕ ಸಿಲಿಂಡರಿನ ಹಿಂದೆ ಮೊಣಕಾಲು ತಬ್ಬಿಕೊಂಡು ಕೂತದ್ದೇ ಕಣ್ಣಮುಂದೆ. ಅವನೇನು ಮಾಡಿದ್ದ ಪಾಪ. ಬೆಳಿಗ್ಗೆ ಹೋಗಿ ಸುಮಾಗೆ ಎಲ್ಲ ಹೇಳಿದೆ.

ಸುಮಾ ಬೆಳ್ಳಿ ಬಟ್ಟಲಲ್ಲೇ ಇಡುತ್ತಿದ್ದಾಳೆ. ಬೆಳಿಗ್ಗೆ ಖಾಲಿಯಾಗಿರುತ್ತದಂತೆ, ಎಲ್ಲರೂ ನಿದ್ದೆ ಮಾಡುತ್ತಿದ್ದಾರಂತೆ. ಮೊನ್ನೆ ವರಮಹಾಲಕ್ಷ್ಮಿಗೆ ಅರಿಸಿನ ಕುಂಕುಮಕ್ಕೆ ಕರೆದಿದ್ದಳು. ಓಣಿಯ ಹೆಂಗಸರು ಅಡುಗೆಮನೆಯಲ್ಲಿ ಬಟ್ಟಲನ್ನು ನೋಡಿ ಏನಿದು ಅಂತ ಕೇಳಿದಾಗ, ನಮ್ಮತ್ತೆ ಕಾಲದಿಂದ ಬಂದಿರೋ ಪದ್ಧತಿ, ಬಿಡೋ ಹಾಗಿಲ್ಲ, ಹೊಸ ಮನೆ ಕಟ್ಟಿದ್ಮೇಲೂ ನಡೆಸ್ಬೇಕು ಅಂದಳು. ನನ್ನ ಎದುರಿಗೇ. ನನ್ನ ಕೈಗೆ ತಾಂಬೂಲ ಕೊಡುತ್ತ.

ಮರುದಿನ ಲಿಂಗರಾಜಪುರದ ಮೆಟ್ಟಿಲು ಹತ್ತಿದೆ. ತಾಂಬೂಲದ ಮಾತು ಹೇಳಲಿಲ್ಲ. ನಂದಾ ಬಾಗಿಲು ತೆಗೆದವಳು ಕೂರು ಅನ್ನುವುದಕ್ಕೂ ಮೊದಲು, ಖಾಲಿ ಆಗ್ತಿದ್ಯಂತಾ ಅಂತ ಕೇಳಿದಳು. ಆಗುತ್ತಿದೆಯಂತೆ ಅಂದೆ.

"ಸರಿ" ಅಂದಳು. ಆ ಕೋಣೆಯನ್ನು, ತಗಡನ್ನು, ಕಿಟಕಿಯನ್ನು ಹೊಸದಾಗಿ ನೋಡುವವಳಂತೆ ನೋಡಿದಳು. "ಹಂಗಾದ್ರೆ ಇದು ಬರೀ ಬಾಡಿಗೆ ರೂಮು."

ಮೂಲೆಗೆ ಹೋಗಿ ಬಟ್ಟಲು ಎತ್ತಿಕೊಂಡಳು. ಕೆನೆಯನ್ನು ಬೆರಳಿನಿಂದ ಬದಿಗೆ ಸರಿಸಿ, ಹಾಲನ್ನು ಪಾತ್ರೆಗೆ ಸುರಿದು, ಸ್ಟೌವು ಹಚ್ಚಿ, ಅದರಲ್ಲೇ ನನಗೆ ಟೀ ಮಾಡಿದಳು. ಸಕ್ಕರೆ ಸಾಲದಾಗಿತ್ತು. ಕೇಳಲಿಲ್ಲ. ಕೊನೆಯ ಗುಟುಕಿನವರೆಗೂ ಕುಡಿದೆ.